ಕೇಳಿ ಅಕ್ಕಾ: ಬ್ರಿಟಿಷ್ ಟಿವಿಯ ಡಾಕ್ಯುಮೆಂಟರಿ ಕೆಲಸ ಪೆರ್ಲದಿಂದ ಎಷ್ಟು ದೂರ?

ಹೋದ ಸಂಚಿಕೆಯಲ್ಲಿ ಯಾವುದೋ ಮಾತಿನ ನಡುವೆ, ನಾನು 11 ವರ್ಷ ಬ್ರಿಸ್ಟಲ್ ಮತ್ತು ಲಂಡನ್ನಿನಲ್ಲಿ ಟಿವಿ ಡಾಕ್ಯುಮೆಂಟರಿಗಳಿಗೆ ಕೆಲಸ ಮಾಡಿ ನಮ್ಮ ಕಾಸರಗೋಡಿಗೆ ಬಂದವಳು ಎಂದು ಒಂದು ಸಾಲು ಬರೆದಿದ್ದೆ. ಆ ಒಂದು ಸಾಲಿಗೇ ಇಷ್ಟು ಪತ್ರ! ಹಾಗಾಗಿ ಈ ಸಲ ಪೂರ್ತಿ ಅದೇ. ಅತ್ತೆ-ಸೊಸೆ ಪ್ರಶ್ನೆ ಕಳಿಸಿದವರು ಮುಂದಿನ ತಿಂಗಳವರೆಗೆ ಹೇಗಾದರೂ ಸುಧಾರಿಸಿಕೊಳ್ಳಿ.

ಅಕ್ಕಾ, ನಾನು ಬಿಎ ಕೊನೆಯ ವರ್ಷ. ಡೇವಿಡ್ ಅಟೆನ್‌ಬರೋ ಅವರ ಪ್ರಾಣಿ-ಪಕ್ಷಿಗಳ ಕಾರ್ಯಕ್ರಮ ನೋಡಿಯೇ ಬೆಳೆದವಳು. ಬಿಬಿಸಿಯಲ್ಲಿ ಡೈರೆಕ್ಟರ್ ಆಗಬೇಕು ಅಂತ ಆಸೆ. ಯಾವ ಕೋರ್ಸ್ ಮಾಡಲಿ? ಮನೆಯಲ್ಲಿ ಪಿಎಸ್‌ಸಿ ಬರೆ ಅನ್ನುತ್ತಾರೆ.
– ಡಿ., ಪೆರ್ಲ

ಪಿಎಸ್‌ಸಿ ಬರೆಯಿರಿ. ತಮಾಷೆಗೆ ಹೇಳುತ್ತಿಲ್ಲ. ಅದು ಇದಕ್ಕೇನೂ ಅಡ್ಡ ಬರುವುದಿಲ್ಲ, ಮನೆಯವರೂ ಸ್ವಲ್ಪ ದಿನ ಸುಮ್ಮನಿರುತ್ತಾರೆ.

ಈಗ ವಿಷಯಕ್ಕೆ. ಡೈರೆಕ್ಟರ್ ಅಂತ ಅಲ್ಲಿ ಯಾರೂ ನೇರವಾಗಿ ಕೆಲಸಕ್ಕೆ ಸೇರುವುದಿಲ್ಲ. ಹೆಚ್ಚಿನವರು ಒಳಗೆ ಬರುವುದು ರನ್ನರ್ ಆಗಿ. ಹೆಸರೇ ಹೇಳುವ ಹಾಗೆ ಓಡುವ ಕೆಲಸ: ಚಹಾ ತಾ, ವ್ಯಾನ್ ಓಡಿಸು, ಬ್ಯಾಟರಿ ಚಾರ್ಜಿಗೆ ಹಾಕು, ಫಾರ್ಮ್ ಸಹಿ ಮಾಡಿಸು. ಅದಾದ ಮೇಲೆ ರಿಸರ್ಚರ್. ಆಮೇಲೆ ಅಸಿಸ್ಟೆಂಟ್ ಪ್ರೊಡ್ಯೂಸರ್, ಎಲ್ಲರ ಬಾಯಲ್ಲಿ ಬರೀ ಎಪಿ. ಆಮೇಲೆ ಪ್ರೊಡ್ಯೂಸರ್-ಡೈರೆಕ್ಟರ್. ಅಷ್ಟರಲ್ಲಿ ನಿಮ್ಮ ಜೊತೆ ಓದಿದವರು ಮನೆ ಕಟ್ಟಿ ಒಕ್ಕಲೂ ಆಗಿರುತ್ತಾರೆ.

ಇನ್ನೊಂದು ಮಾತು. ಬಿಬಿಸಿಯಲ್ಲಿ ಕಂಡದ್ದೆಲ್ಲ ಬಿಬಿಸಿಯೇ ಮಾಡಿದ್ದಲ್ಲ. 1982ರಲ್ಲಿ ಚಾನೆಲ್ 4 ಶುರುವಾದದ್ದೇ ತಾನು ಏನನ್ನೂ ತಯಾರಿಸದೆ ಹೊರಗಿನ ಕಂಪನಿಗಳಿಂದ ಮಾಡಿಸಿಕೊಳ್ಳುವ ಚಾನೆಲ್ ಆಗಿ. 1990ರ ಕಾನೂನು ಬಂದ ಮೇಲೆ ಬಿಬಿಸಿ, ಐಟಿವಿ ಕೂಡ ತಮ್ಮ ಕಾರ್ಯಕ್ರಮಗಳಲ್ಲಿ ಕನಿಷ್ಠ 25 ಶೇಕಡಾ ಹೊರಗಿನವರಿಂದ ಮಾಡಿಸಲೇಬೇಕಾಯಿತು. ಹಾಗಾಗಿ ನೀವು ಬಾಗಿಲು ತಟ್ಟಬೇಕಾದದ್ದು ಬಿಬಿಸಿಯದ್ದು ಮಾತ್ರ ಅಲ್ಲ, ಹೆಸರೇ ಕೇಳಿರದ ಸಣ್ಣ ಸಣ್ಣ ಕಂಪನಿಗಳದ್ದು. ಪ್ರಾಣಿ-ಪಕ್ಷಿಯೇ ಬೇಕೆಂದರೆ ಊರು ಬ್ರಿಸ್ಟಲ್. ಬಿಬಿಸಿಯ ನ್ಯಾಚುರಲ್ ಹಿಸ್ಟರಿ ಯೂನಿಟ್ 1957ರಲ್ಲಿ ಅಲ್ಲಿ ಶುರುವಾಯಿತು, ಆಮೇಲೆ ಅದರ ಸುತ್ತ ಒಂದು ಪೇಟೆಯೇ ಬೆಳೆಯಿತು. ಅಂದಹಾಗೆ ನಿಮ್ಮ ಅಟೆನ್‌ಬರೋ 1950ರಲ್ಲಿ ಬಿಬಿಸಿ ರೇಡಿಯೋ ಕೆಲಸಕ್ಕೆ ಅರ್ಜಿ ಹಾಕಿದ್ದರು. ಸಿಗಲಿಲ್ಲ. ಟಿವಿಗೆ ಸೇರಿದ್ದು 1952ರಲ್ಲಿ.

ಕೋರ್ಸ್ ಬೇಕೇ ಬೇಕು ಅಂತೇನಿಲ್ಲ. ರಿಸರ್ಚರ್ ಮಾಡುವ ಕೆಲಸಕ್ಕೆ ಬೇಕಾದ್ದನ್ನು ಯಾವ ಕಾಲೇಜೂ ಪೂರ್ತಿ ಕಲಿಸುವುದಿಲ್ಲ ಅಂತ ನನಗನ್ನಿಸುತ್ತದೆ. 1964ರಲ್ಲಿ ಗ್ರನಾಡಾ ಕಂಪನಿ 'ಸೆವೆನ್ ಅಪ್' ಅಂತ ಒಂದು ಕಾರ್ಯಕ್ರಮ ಮಾಡಿತು. 7 ವರ್ಷದ 14 ಮಕ್ಕಳು, ಬಡವರು ಶ್ರೀಮಂತರು ಎಲ್ಲ ಸೇರಿ. ಆ ಮಕ್ಕಳನ್ನು ಶಾಲೆ ಶಾಲೆ ತಿರುಗಿ ಹುಡುಕಿದವರಲ್ಲಿ ಒಬ್ಬ ಮೈಕೆಲ್ ಆಪ್ಟೆಡ್, ಆಗಿನ್ನೂ ಎಳೆಯ ರಿಸರ್ಚರ್. ಮುಂದೆ ಅವರೇ ಡೈರೆಕ್ಟರ್ ಆಗಿ 7 ವರ್ಷಕ್ಕೊಮ್ಮೆ ಅದೇ ಮಕ್ಕಳ ಹತ್ತಿರ ಹೋದರು, 2019ರವರೆಗೆ. ಹೋದಾಗಲೆಲ್ಲ ಹೆಚ್ಚಿನವರು ಬಾಗಿಲು ತೆಗೆದರು ಅಲ್ವಾ, ಅದೇ ಆ ಕೆಲಸ. ಕ್ಯಾಮೆರಾ ಆಮೇಲಿನದ್ದು.

ನನ್ನ ಮೊದಲ ವಾರದ ಕಥೆ ಹೇಳಿಬಿಡುತ್ತೇನೆ. ಕ್ಯಾಮೆರಾದಿಂದ ತೆಗೆದ ತುಂಬಿದ ಕಾರ್ಡಿಗೆ ಕೆಂಪು ಟೇಪ್ ಸುತ್ತಬೇಕು, ಖಾಲಿ ಕಾರ್ಡಿಗೆ ಹಸಿರು. ತುಂಬಿದ್ದನ್ನು ಬೇರೆ ಬೇರೆ ಮೂರು ಡಿಸ್ಕಿಗೆ ಕಾಪಿ ಮಾಡಿ, ತೆರೆದು ನೋಡಿ, ಆಮೇಲೆಯೇ ಖಾಲಿ ಮಾಡಬೇಕು. ಇಷ್ಟೇ ಕೆಲಸ. ಮಳೆ ಬರುತ್ತಿತ್ತು, ಕೈ ಮರಗಟ್ಟಿತ್ತು, ನಾನು ಒಂದು ತುಂಬಿದ ಕಾರ್ಡನ್ನು ಹಸಿರು ಟೇಪಿನವುಗಳ ಚೀಲಕ್ಕೆ ಹಾಕಿದೆ. ಕ್ಯಾಮೆರಾಮನ್ ಅದನ್ನು ತುರುಕಿ, ಎಲ್ಲ ಅಳಿಸಿಹಾಕುವ 'ಫಾರ್ಮ್ಯಾಟ್' ಒತ್ತುವ ಮೊದಲು ಒಂದು ಕ್ಷಣ ತಡೆದು ನನ್ನ ಮುಖ ನೋಡಿದರು. ಆ ಕಾರ್ಡಿನಲ್ಲಿ ಒಬ್ಬ ಮುದುಕಿಯ ಅರ್ಧ ದಿನದ ಮಾತು ಇತ್ತು, ಗಂಡ ತೀರಿಹೋದ ದಿನದ ಬಗ್ಗೆ. ಇನ್ನೊಮ್ಮೆ ಹೇಳಿ ಅಂತ ಯಾವ ಬಾಯಿಂದ ಕೇಳುವುದು? ಇವತ್ತಿಗೂ ನಮ್ಮನೆಯ ಫ್ರಿಜ್ಜಿನಲ್ಲಿ ಉಪ್ಪಿನಕಾಯಿ ಭರಣಿಗೆ ಕೆಂಪು ಟೇಪ್ ಉಂಟು.

ಮಗನಿಗೆ ಇಂಗ್ಲೆಂಡಿನಲ್ಲಿ ಡಾಕ್ಯುಮೆಂಟರಿ ಎಂಎಗೆ ಸೀಟ್ ಸಿಕ್ಕಿದೆ. ಒಂದೇ ವರ್ಷದ ಕೋರ್ಸ್, ಮುಗಿಸಿದ ಮೇಲೆ ಕೆಲಸ ಗ್ಯಾರಂಟಿ ಅಂತ ಏಜೆಂಟ್ ಹೇಳುತ್ತಾರೆ. ತೋಟ ಅಡವಿಡಬೇಕಾಗುತ್ತದೆ. ಇಡಬಹುದಾ?
– ಒಬ್ಬ ತಂದೆ, ಬದಿಯಡ್ಕ ಹತ್ತಿರ

ಇಡಬೇಡಿ ಅಣ್ಣ.

ಏಜೆಂಟ್ ಹೇಳದ್ದನ್ನು ನಾನು ಹೇಳುತ್ತೇನೆ. ಆ ಕ್ಷೇತ್ರದಲ್ಲಿ ಕೆಲಸವೆಂದರೆ ತಿಂಗಳ ಸಂಬಳದ ಕೆಲಸ ಅಲ್ಲ. ಆರು ವಾರ ಇಲ್ಲಿ, ಮೂರು ತಿಂಗಳು ಅಲ್ಲಿ, ನಡುವೆ ಎರಡು ತಿಂಗಳು ಫೋನ್ ನೋಡುತ್ತಾ ಕೂರುವುದು. ವಾರದ ಲೆಕ್ಕದಲ್ಲಿ ದುಡ್ಡು. ನಮ್ಮಲ್ಲಿ ಅಡಕೆ ಸುಲಿಯುವವರನ್ನು ಕರೆಯುವುದಿಲ್ಲವಾ, ಕೊಯ್ಲು ಇದ್ದಾಗ ಉಂಟು, ಇಲ್ಲದಾಗ ಇಲ್ಲ, ಹಾಗೆ. ಅದೂ 2023ರಿಂದ ಚಾನೆಲ್‌ಗಳು ಹೊಸ ಕಾರ್ಯಕ್ರಮ ಕೊಡುವುದನ್ನೇ ಕಡಿಮೆ ಮಾಡಿವೆ. ಇಪ್ಪತ್ತು ವರ್ಷ ಅನುಭವ ಇರುವ, ಬಹುಮಾನ ಗೆದ್ದ ನನ್ನ ಸ್ನೇಹಿತರೇ ಅಂಗಡಿ ಕೆಲಸಕ್ಕೆ ಹೋಗುತ್ತಿದ್ದಾರೆ.

ಆದರೆ ವೀಸಾ ಕೇಳುವುದು ಇದಕ್ಕೆ ಪೂರ್ತಿ ಉಲ್ಟಾ. ಓದುವಾಗ ವಾರಕ್ಕೆ 20 ಗಂಟೆ ಕೆಲಸ ಮಾಡಬಹುದು, ಆದರೆ ಸ್ವಂತ ಲೆಕ್ಕದಲ್ಲಿ, ಅಂದರೆ ಫ್ರೀಲಾನ್ಸ್ ಆಗಿ, ಮಾಡುವ ಹಾಗಿಲ್ಲ. ಓದಿದ ಮೇಲೆ ಸಿಗುವ ಗ್ರ್ಯಾಜುಯೇಟ್ ವೀಸಾ ಇಷ್ಟರವರೆಗೆ 2 ವರ್ಷ ಇತ್ತು, 2027 ಜನವರಿಯಿಂದ ಅರ್ಜಿ ಹಾಕುವವರಿಗೆ 18 ತಿಂಗಳು. ಅದರಲ್ಲಿ ಫ್ರೀಲಾನ್ಸ್ ಮಾಡಬಹುದು, ಸರಿ. ಅದು ಮುಗಿದ ಮೇಲೂ ಉಳಿಯಬೇಕಾದರೆ ಒಂದು ಕಂಪನಿ ನಿಮ್ಮ ಮಗನನ್ನು ಸ್ಪಾನ್ಸರ್ ಮಾಡಬೇಕು, ಸಾಮಾನ್ಯವಾಗಿ ವರ್ಷಕ್ಕೆ 41,700 ಪೌಂಡ್ ಸಂಬಳ ತೋರಿಸಬೇಕು. ಆಗಷ್ಟೇ ಓದಿ ಮುಗಿಸಿದವರಿಗೆ ಸ್ವಲ್ಪ ರಿಯಾಯಿತಿ ಉಂಟು, ಆದರೂ 33,400. ಇದು 2025 ಜುಲೈನಿಂದ ಬಂದ ಲೆಕ್ಕ. ಆರು ವಾರಕ್ಕೆ ಆಳು ಕರೆಯುವ ಕಂಪನಿ ಯಾವ ರನ್ನರ್‌ಗೆ ಇಷ್ಟು ಬರೆದುಕೊಡುತ್ತದೆ, ನೀವೇ ಹೇಳಿ. ಫೀಸಿನ ಮೇಲೆ ಆರೋಗ್ಯದ ಸರ್‌ಚಾರ್ಜ್ ಅಂತ ವಿದ್ಯಾರ್ಥಿಗೆ ವರ್ಷಕ್ಕೆ 776 ಪೌಂಡ್ ಬೇರೆ, ಅದನ್ನು ವೀಸಾ ಅರ್ಜಿಯ ಜೊತೆಗೇ ಕಟ್ಟಬೇಕು.

ಮಗನಿಗೆ ಡಿಗ್ರಿ ಆಗಿದೆ ತಾನೆ? ಹಾಗಾದರೆ ಇನ್ನೊಂದು ದಾರಿ ನೋಡಿ. ಇಂಡಿಯಾ ಯಂಗ್ ಪ್ರೊಫೆಷನಲ್ಸ್ ಸ್ಕೀಮ್. 2023ರಲ್ಲಿ ಶುರುವಾದದ್ದು. 18ರಿಂದ 30 ವರ್ಷದವರಿಗೆ, ವರ್ಷಕ್ಕೆ 3,000 ಜಾಗ, ಚೀಟಿ ಎತ್ತುವ ಹಾಗೆ ಲಾಟರಿ. ಹೆಸರು ಕೊಡಲು ಪುಕ್ಕಟೆ. ಹೆಸರು ಬಂದರೆ ಬ್ಯಾಂಕಿನಲ್ಲಿ 2,530 ಪೌಂಡ್ ತೋರಿಸಿ, ವೀಸಾ ಫೀಸ್ ಕಟ್ಟಿ 2 ವರ್ಷ ಇರಬಹುದು. ಕೆಲಸ ಮಾಡಬಹುದು, ಸ್ವಂತ ಲೆಕ್ಕದಲ್ಲೂ ಮಾಡಬಹುದು, ಸಲಕರಣೆಯ ಬೆಲೆ 5,000 ಪೌಂಡ್ ದಾಟಬಾರದು ಎಂಬಂಥ ಕೆಲವು ಷರತ್ತು ಉಂಟು. ಹೆಸರು ಬಾರದೆ ಹೋಗಬಹುದು. ಹೋದರೆ ಹೋಯಿತು, ತೋಟ ನಿಮ್ಮ ಹತ್ತಿರವೇ ಇರುತ್ತದೆ. ಇದಕ್ಕೆ ಏಜೆಂಟ್ ಬೇಡ, ಮನೆಯಲ್ಲೇ ಮಾಡಬಹುದು, ಆಗದಿದ್ದರೆ ಅಕ್ಷಯ ಸೆಂಟರಿನಲ್ಲಿ ಕೂತು ಮಾಡಿ.

ಮದುವೆ ವಿಡಿಯೋ ಮಾಡುತ್ತೇನೆ. ಡಾಕ್ಯುಮೆಂಟರಿಗೆ ಯಾವ ಕ್ಯಾಮೆರಾ ತೆಗೆದುಕೊಳ್ಳಲಿ? ಡ್ರೋನ್ ಕೂಡ ಉಂಟು.
– ಆರ್., ಕುಂಬಳೆ

ಇದ್ದದ್ದು ಸಾಕು. ದುಡ್ಡಿದ್ದರೆ ಒಳ್ಳೆ ಮೈಕ್ ತೆಗೆದುಕೊಳ್ಳಿ. ಚಿತ್ರ ಅಲುಗಾಡಿದರೆ ಜನ ಸಹಿಸುತ್ತಾರೆ, ಮಾತು ಕೇಳಿಸದಿದ್ದರೆ ಎದ್ದು ಹೋಗುತ್ತಾರೆ. ಮತ್ತೆ, ಮದುವೆ ವಿಡಿಯೋದವರನ್ನು ನಾನು ಕಡಿಮೆ ಅಂದುಕೊಳ್ಳುವುದಿಲ್ಲ ಮಾರಾಯ್ರೆ. ಧಾರೆ ಇನ್ನೊಮ್ಮೆ ಎರೆಯಿರಿ ಅಂತ ಹೇಳಲಿಕ್ಕಾಗುತ್ತದಾ? ಆಗುವುದನ್ನು ಆಗುವ ಹೊತ್ತಿಗೇ ಹಿಡಿಯಲು ನಿಮಗೆ ಬರುತ್ತದೆ. ಡ್ರೋನ್ ಮಾತ್ರ ಸ್ವಲ್ಪ ದಿನ ಪೆಟ್ಟಿಗೆಯಲ್ಲಿರಲಿ. ಪ್ರತಿ ಊರೂ ಮೇಲಿನಿಂದ ಒಂದೇ ಥರ ಕಾಣುತ್ತದೆ, ತೆಂಗಿನ ತಲೆ, ಅಡಕೆಯ ತಲೆ.

ನಮ್ಮದು ಎಣ್ಮಕಜೆ ಕಡೆ. ತಂಗಿ ಹುಟ್ಟಿದಾಗಿನಿಂದ ಮಲಗಿದಲ್ಲೇ. ಎಷ್ಟೋ ಕ್ಯಾಮೆರಾದವರು ಬಂದು ಹೋಗಿದ್ದಾರೆ. ಎರಡು ವರ್ಷದ ಹಿಂದೆ ಹೊರದೇಶದವರು ಬಂದು, ಅಮ್ಮ ತಂಗಿಯನ್ನು ಎತ್ತಿಕೊಂಡು ಜಗಲಿಗೆ ಬರುವುದನ್ನು ಮೂರು ಸಲ ಮಾಡಿಸಿದರು. ಇಂಗ್ಲಿಷ್ ಕಾಗದಕ್ಕೆ ಸಹಿ ಹಾಕಿಸಿದರು. ಆಮೇಲೆ ಸುದ್ದಿಯಿಲ್ಲ. ಅದು ಎಲ್ಲಿ ಬಂತು, ಬಂತಾ ಇಲ್ಲವಾ, ಗೊತ್ತಿಲ್ಲ. ಇದು ಸರಿಯಾ?
– ಹೆಸರು ಬೇಡ

ಸರಿಯಲ್ಲ.

ಈ ಪತ್ರ ಓದಿ ಎರಡು ದಿನ ಬರೆಯಲಿಲ್ಲ. ಯಾಕೆಂದರೆ ಆ ಮೂರು ಸಲ ಅನ್ನುವುದು ನನಗೆ ಗೊತ್ತು. ಒಮ್ಮೆ ದೂರದಿಂದ, ಒಮ್ಮೆ ಹತ್ತಿರದಿಂದ, ಒಮ್ಮೆ ಕೈ ಮಾತ್ರ. ಎಡಿಟ್ ಮಾಡುವಾಗ ಜೋಡಿಸಲು ಬೇಕು ಅಂತ. ನಾನೂ ಜನರನ್ನು ಹಾಗೆ ನಡೆಸಿದ್ದೇನೆ. ಕೊಡೆ ಹಿಡಿದು ಬರುವವರನ್ನು ನಡೆಸಬಹುದು, ಮಗಳನ್ನು ಎತ್ತಿಕೊಂಡ ತಾಯಿಯನ್ನು ನಡೆಸಬಾರದು, ಆ ವ್ಯತ್ಯಾಸ ತಿಳಿಯಲು ನನಗೂ ಕೆಲವು ವರ್ಷ ಹಿಡಿಯಿತು.

ಹೊರಗಿನ ಓದುಗರಿಗೆ ಒಂದು ಮಾತು. ಇಂಥ ಕಾಯಿಲೆಗಳಿಗೆ ಕಾರಣವೆಂದು ಇಲ್ಲಿನವರು ಹೇಳುವ ಎಂಡೋಸಲ್ಫಾನ್ ಕೀಟನಾಶಕವನ್ನು ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಸುರಿಯುವುದು ನಮ್ಮಲ್ಲಿ ನಿಂತದ್ದು 2000ದಲ್ಲಿ, ಸುಪ್ರೀಂ ಕೋರ್ಟ್ ಇಡೀ ದೇಶದಲ್ಲಿ ತಡೆದದ್ದು 2011ರಲ್ಲಿ. ಕ್ಯಾಮೆರಾ ಬರುವುದು ಮಾತ್ರ ಇನ್ನೂ ನಿಂತಿಲ್ಲ. ಮೊದಲು ಬಂದವರಿಂದ ಉಪಕಾರವೂ ಆಗಿದೆ, ಅದನ್ನು ಮರೆಯುವ ಹಾಗಿಲ್ಲ.

ಈಗ ಆ ಕಾಗದ. ಅದಕ್ಕೆ ರಿಲೀಸ್ ಫಾರ್ಮ್ ಅನ್ನುತ್ತಾರೆ. ನೀವು ಹೇಳಿದ್ದನ್ನು, ಕಂಡದ್ದನ್ನು ಎಲ್ಲ ದೇಶಗಳಲ್ಲಿ, ಎಂದೆಂದಿಗೂ, ಇನ್ನೂ ಹುಟ್ಟದ ಮಾಧ್ಯಮಗಳಲ್ಲೂ ತೋರಿಸಬಹುದು ಅಂತ ಬರೆದಿರುತ್ತದೆ. ಕೆಲವದರಲ್ಲಿ ಇಡೀ ಬ್ರಹ್ಮಾಂಡದಲ್ಲಿ ಅಂತಲೂ ಇರುತ್ತದೆ, ಸುಳ್ಳಲ್ಲ. ಆದರೆ ಬ್ರಿಟಿಷ್ ಚಾನೆಲ್ ಆದರೆ ಸಹಿಯೊಂದೇ ಸಾಲದು. ಅಲ್ಲಿ ಟಿವಿಯ ಮೇಲೆ ಕಣ್ಣಿಡುವ ಸಂಸ್ಥೆ ಆಫ್‌ಕಾಮ್. ಅದರ ನಿಯಮದಲ್ಲಿ, ಕಾರ್ಯಕ್ರಮ ಯಾವುದರ ಬಗ್ಗೆ, ನಿಮ್ಮಿಂದ ಏನು ಬೇಕು, ಎಲ್ಲಿ ಯಾವಾಗ ಬರಬಹುದು ಅಂತ ಮೊದಲೇ ಹೇಳಿ ಒಪ್ಪಿಗೆ ಪಡೆಯಬೇಕು ಅಂತ ಇದೆ. 16 ವರ್ಷದೊಳಗಿನವರ, ಮತ್ತು ತಾವೇ ಒಪ್ಪಿಗೆ ಕೊಡಲಾಗದವರ ಪರವಾಗಿ ನೋಡಿಕೊಳ್ಳುವವರು ಒಪ್ಪಬೇಕು. ಅನ್ಯಾಯವಾಗಿ ತೋರಿಸಿದರೆ ಅಥವಾ ಖಾಸಗಿತನಕ್ಕೆ ಧಕ್ಕೆ ಮಾಡಿದರೆ, ಪ್ರಸಾರವಾದ 20 ಕೆಲಸದ ದಿನಗಳ ಒಳಗೆ ಆಫ್‌ಕಾಮ್‌ಗೆ ದೂರು ಕೊಡಬಹುದು. ಯೂಟ್ಯೂಬಿನಲ್ಲಿ ಮಾತ್ರ ಹಾಕಿದವರಿಗೆ ಈ ನಿಯಮ ಇಲ್ಲ.

ಆದರೆ ಪ್ರಸಾರವಾದದ್ದೇ ತಿಳಿಯದಿದ್ದರೆ 20 ದಿನ ಎಲ್ಲಿಂದ ಎಣಿಸುವುದು? ಹಾಗಾಗಿ ಇನ್ನು ಮುಂದೆ ಬಂದವರ ಹತ್ತಿರ ಹೀಗೆ ಮಾಡಿ. ಸಹಿ ಹಾಕುವ ಮೊದಲು ಕಾಗದದ ಫೋಟೋ ಮೊಬೈಲಿನಲ್ಲಿ ತೆಗೆದುಕೊಳ್ಳಿ. ಕನ್ನಡದಲ್ಲಿ ಓದಿ ಹೇಳಲು ಹೇಳಿ, ಅದನ್ನೂ ರೆಕಾರ್ಡ್ ಮಾಡಿ. ಕಂಪನಿ ಯಾವುದು, ಚಾನೆಲ್ ಯಾವುದು, ಸಿನಿಮಾ ಆದ ಮೇಲೆ ಲಿಂಕ್ ಕಳಿಸುತ್ತೀರಾ, ಕೇಳಿ. ಹೊರದೇಶದ ತಂಡ ಟೂರಿಸ್ಟ್ ವೀಸಾದಲ್ಲಿ ಬಂದು ಡಾಕ್ಯುಮೆಂಟರಿ ಮಾಡುವ ಹಾಗಿಲ್ಲ, ನಮ್ಮ ರಾಯಭಾರ ಕಚೇರಿಯ ಮೂಲಕ ಅನುಮತಿ ಬೇಕು. ಅದರ ಕಾಗದ ತೋರಿಸಿ ಅನ್ನಿ. ಒಳ್ಳೆಯವರು ಬೇಸರಿಸುವುದಿಲ್ಲ. ಬೇಸರಿಸಿದವರಿಗೆ ಒಂದು ಲೋಟ ನೀರು ಕೊಟ್ಟು ಕಳಿಸಿ. ಹಳೆಯ ತಂಡದ ಜೊತೆ ಬಂದ ಇಲ್ಲಿನ ಹುಡುಗ ಯಾರಾದರೂ ನೆನಪಿದ್ದರೆ ತಿಳಿಸಿ, ಆ ಕಡೆಯಿಂದ ಹುಡುಕುವ. ಪ್ರಸಾರ ಆಗಿರದಿದ್ದರೆ ಸಹಿ ಹಾಕಿದ ಮೇಲೂ ಬೇಡ ಎಂದು ಬರೆಯಬಹುದು. ಕಂಪನಿ ಒಪ್ಪಲೇಬೇಕೆಂದಿಲ್ಲ, ಆದರೆ ಪತ್ರ ಕೈಗೆ ಬಂದ ಮೇಲೆ ಯಾರೂ ಅದನ್ನು ಸುಮ್ನೆ ಪಕ್ಕಕ್ಕಿಡುವುದಿಲ್ಲ. ಪತ್ರ ನಾನು ಬರೆದುಕೊಡುತ್ತೇನೆ.

ನೀರಿಗಾಗಿ ಗುಡ್ಡೆಯೊಳಗೆ ಕೊರೆಯುವ ನಮ್ಮ ಸುರಂಗಗಳ ಬಗ್ಗೆ ಒಂದು ಗಂಟೆಯ ಡಾಕ್ಯುಮೆಂಟರಿ ಮಾಡಬೇಕು ಅಂತ ಇದೆ. ಬ್ರಿಟಿಷ್ ಚಾನೆಲ್‌ಗೆ ಹೇಗೆ ಮಾರುವುದು? ಐಡಿಯಾ ಕದ್ದರೆ?
– ಎಂ., ಬಾಯಾರು

ಮೊದಲು ಕಳ್ಳತನ ಮುಗಿಸುವ. ಐಡಿಯಾಕ್ಕೆ ಕಾಪಿರೈಟ್ ಇಲ್ಲ. ಆದರೆ ಲಂಡನ್ನಿನವನು ಸುರಂಗ ಅಂತ ಶಬ್ದ ಕದ್ದು ಏನು ಮಾಡುತ್ತಾನೆ? ಗುಡ್ಡೆಯೊಳಗೆ ಹೋಗುವ ಅಜ್ಜ ಅವನನ್ನು ಹತ್ತಿರ ಬಿಡಬೇಕಲ್ಲ. ನಿಮ್ಮನ್ನು ಬಿಡುತ್ತಾರೆ. ಅಲ್ಲಿನವರು ಅದನ್ನು ಆಕ್ಸೆಸ್ ಅನ್ನುತ್ತಾರೆ, ಅದಕ್ಕೇ ಬೆಲೆ ಇರುವುದು.

ಒಂದು ಗಂಟೆ ಅಂದಿರಿ. ಜಾಹೀರಾತು ಇರುವ ಚಾನೆಲ್ಲಿನಲ್ಲಿ ಒಂದು ಗಂಟೆ ಎಂದರೆ ಸುಮಾರು 47 ನಿಮಿಷ. ಅದರಲ್ಲಿ ಸುರಂಗ ಎಷ್ಟು ಉದ್ದ, ಯಾವ ಕಾಲದ್ದು ಅಂತ ಹೇಳುತ್ತಾ ಕೂತರೆ ಹತ್ತು ನಿಮಿಷಕ್ಕೆ ಮುಗಿಯುತ್ತದೆ. ಸುರಂಗ ಎಂಬುದು ವಿಷಯ, ಕಥೆ ಅಲ್ಲ. ಚಾನೆಲ್ಲಿಗೆ ಕಾರ್ಯಕ್ರಮ ಆರಿಸುವ ಕಮಿಷನಿಂಗ್ ಎಡಿಟರ್ ಕೇಳುವುದು ಯಾರು, ಏನಾಗುತ್ತದೆ, ಈಗಲೇ ಯಾಕೆ, ಇಷ್ಟನ್ನೇ.

ನಾನು ಹೀಗೆ ಬರೆಯುತ್ತೇನೆ. ಒಬ್ಬ ಅಜ್ಜ. ಒಬ್ಬರು ಬಗ್ಗಿ ಹೋಗುವಷ್ಟೇ ಅಗಲ. ಕೈಯಲ್ಲಿ ಗಿಡ್ಡ ಹಿಡಿಯ ಪಿಕ್ಕಾಸು, ಪಕ್ಕದಲ್ಲಿ ಒಂದು ಕ್ಯಾಂಡಲ್. ಬೆಳಕಿಗೆ ಮಾತ್ರ ಅಲ್ಲ, ಕ್ಯಾಂಡಲ್ ನಂದಿದರೆ ಒಳಗೆ ಗಾಳಿ ಇಲ್ಲ, ಹೊರಗೆ ಓಡಬೇಕು. ಮುರಕಲ್ಲಿನ ಗೋಡೆ ಸ್ವಲ್ಪ ಸ್ವಲ್ಪ ತೇವ ಆಗುತ್ತಿದೆ. ಮೇಲಿನ ತೋಟದವರು ಬೋರ್‌ವೆಲ್ ಕೊರೆಸಿದ್ದಾರೆ. ನೀರು ಸಿಗುತ್ತದಾ? ಅಜ್ಜನಿಗೂ ಗೊತ್ತಿಲ್ಲ, ನಮಗೂ ಗೊತ್ತಿಲ್ಲ. ಅಲ್ಲಿಯವರೆಗೆ ನೋಡುವವರು ಏಳುವುದಿಲ್ಲ.

ಇದನ್ನು ಒಂದೇ ಪುಟದಲ್ಲಿ ಬರೆಯಿರಿ. ಜೊತೆಗೆ ಮೂರು ನಿಮಿಷದ ತುಣುಕು. ಸುರಂಗದೊಳಗಿನ ಶಬ್ದ ಚೆನ್ನಾಗಿ ಹಿಡಿಯಿರಿ, ಪಿಕ್ಕಾಸು ಬಡಿಯುವುದು, ಅಜ್ಜನ ಉಸಿರು. ಕನ್ನಡದಲ್ಲೇ ಇರಲಿ, ಕೆಳಗೆ ಸಬ್‌ಟೈಟಲ್. ಹೊರದೇಶದ ಭಾಷೆಯ ಡಾಕ್ಯುಮೆಂಟರಿಗೆ ಅಲ್ಲಿ ಜಾಗ ಕಡಿಮೆ, ಆದರೆ ಬಿಬಿಸಿಯ 'ಸ್ಟೋರಿವಿಲ್' 1997ರಿಂದ ಅಂಥದ್ದನ್ನೂ ತೋರಿಸುತ್ತಿದೆ. ಶೆಫೀಲ್ಡ್‌ನಲ್ಲಿ 1994ರಿಂದ ನಡೆಯುವ ಡಾಕ್‌ಫೆಸ್ಟ್ ಎಂಬ ಡಾಕ್ಯುಮೆಂಟರಿ ಹಬ್ಬದಲ್ಲಿ ಹಣ ಹಾಕುವವರ ಮುಂದೆ ಪ್ರಾಜೆಕ್ಟ್ ಇಡುವ ವ್ಯವಸ್ಥೆಯೂ ಉಂಟು.

ಇನ್ನು ಯಾರಾದರೂ ಕಂಪನಿಯವರು 'ನೀವು ಲೋಕಲ್ ಫಿಕ್ಸರ್ ಆಗಿ ಬನ್ನಿ' ಅಂದರೆ, ಅಂದರೆ ಜನರನ್ನು ಮಾತಾಡಿಸಿ ವಾಹನ ಊಟ ಅನುಮತಿ ಎಲ್ಲ ಹೊಂದಿಸಿ ಅಂದರೆ, ಹೋಗಿ. ಆದರೆ ಹೆಸರು ಏನೆಂದು ಹಾಕುತ್ತಾರೆ ಅಂತ ಮೊದಲೇ ಬರೆಸಿಕೊಳ್ಳಿ. ಕಥೆ ಹುಡುಕಿದವರು ನೀವಾದರೆ ಅಸೋಸಿಯೇಟ್ ಪ್ರೊಡ್ಯೂಸರ್ ಅಂತ ಕೇಳಿ. ಕೇಳಿದರೆ ಕೊಡುತ್ತಾರೆ, ಕೇಳದಿದ್ದರೆ ಡ್ರೈವರಿನ ಹೆಸರಿನ ಕೆಳಗೆ ಇರುತ್ತೀರಿ. ಡ್ರೈವರಿಗೆ ಮರ್ಯಾದೆ ಕಡಿಮೆ ಅಂತ ಅಲ್ಲ.

ನಾನು ಎಸ್‌ಎಸ್‌ಎಲ್‌ಸಿವರೆಗೆ ಕನ್ನಡ ಮೀಡಿಯಂ. ಇಂಗ್ಲಿಷ್ ಮಾತಾಡುವಾಗ ತಡವರಿಸುತ್ತೇನೆ. ಆಗುತ್ತದಾ ಅಕ್ಕ?
– ಕೆ., ಮುಳ್ಳೇರಿಯ

ತಡವರಿಸಿದರೆ ತೊಂದರೆ ಇಲ್ಲ. ಈಮೇಲ್ ಬರೆಯಲು ಬರಬೇಕು, ಫೋನಿನಲ್ಲಿ ಮಾತಾಡಲು ಹೆದರಬಾರದು. ಸ್ಕಾಟ್ಲೆಂಡಿನವರು ಮಾತಾಡಿದರೆ ಲಂಡನ್ನಿನವರಿಗೂ ಅರ್ಧ ಗೊತ್ತಾಗುವುದಿಲ್ಲ.

ನಿಮ್ಮ ಹತ್ತಿರ ಇರುವುದು ಏನು ಅಂತ ಒಂದು ಉದಾಹರಣೆ ಕೊಡುತ್ತೇನೆ. ನಮ್ಮ ಕಡೆಯ ಒಬ್ಬರು ಅಜ್ಜನ ಸಂದರ್ಶನ ಎಡಿಟ್ ಟೇಬಲ್ಲಿಗೆ ಬಂದಿತ್ತು. ಅಜ್ಜ ಕನ್ನಡದಲ್ಲೇ ಹೇಳಿದ್ದು: 'ಶಾಲೆಗೆ ಹೋಗಲಿಕ್ಕೆ ನಮಗೆಲ್ಲ ಅವಸರ ಸಿಕ್ಕಲಿಲ್ಲ.' ಬೇರೆ ಊರಿನ ಕನ್ನಡಿಗರೊಬ್ಬರು ತರ್ಜುಮೆ ಮಾಡಿದ್ದರು. ಪಾಪ, ಅವರಿಗೆ ಅವಸರ ಅಂದರೆ ಗಡಿಬಿಡಿ. ಪರದೆಯಲ್ಲಿ ಬಂದದ್ದು ಏನು? ಶಾಲೆಗೆ ಹೋಗಲು ನಮಗೇನೂ ಆತುರವಿರಲಿಲ್ಲ ಅಂತ! ನಮ್ಮಲ್ಲಿ ಮಲಯಾಳ ಬೆರೆತ ಬಾಯಲ್ಲಿ ಅವಸರ ಎಂದರೆ ಅವಕಾಶ ಅಲ್ವಾ. ಅವಕಾಶವೇ ಸಿಗದ ಮನುಷ್ಯನನ್ನು ಆ ಒಂದು ಸಾಲು ಸೋಮಾರಿ ಮಾಡಿತ್ತು. ಅದು ನನ್ನ ಕಣ್ಣಿಗೆ ಬಿದ್ದದ್ದು ಎಡಿಟ್ ಮುಗಿಯಲು ಎರಡು ದಿನ ಇರುವಾಗ, ಬೇರೆ ಏನೋ ಕೆಲಸಕ್ಕೆ ಆ ಕೋಣೆಗೆ ಹೋಗಿದ್ದಾಗ. ಆ ವಾರದಿಂದ ನನ್ನನ್ನು ಚಹಾಕ್ಕೆ ಕಳಿಸುವುದು ಕಡಿಮೆಯಾಯಿತು.

ಸಿವಿ ಕಳಿಸಿದರೆ ನೋಡುತ್ತೀರಾ?
– ಮೂರು ಜನ, ಮಂಜೇಶ್ವರ, ಬೋವಿಕ್ಕಾನ ಮತ್ತು ಉಪ್ಪಳ

ಈಗಾಗಲೇ ಕಳಿಸಿದ್ದೀರಿ, ನೋಡಿದೆ. ಮೂರರಲ್ಲೂ ಪಾಸ್‌ಪೋರ್ಟ್ ಫೋಟೋ, ತಂದೆಯ ಹೆಸರು, ಹುಟ್ಟಿದ ದಿನಾಂಕ, ಮದುವೆ ಆಗಿದೆಯೋ ಇಲ್ಲವೋ ಎಲ್ಲ ಉಂಟು. ನಕ್ಷತ್ರ ಒಂದು ಬಾಕಿ. ಬ್ರಿಟನ್ನಿಗೆ ಕಳಿಸುವ ಸಿವಿಯಲ್ಲಿ ಇದ್ಯಾವುದೂ ಬೇಡ. ಒಂದೇ ಪುಟ. ಮೇಲ್ಗಡೆ ಹೆಸರು, ಅದರ ಕೆಳಗೆ ದಪ್ಪ ಅಕ್ಷರದಲ್ಲಿ ರನ್ನರ್ ಅಂತ, ಯಾವ ತಾರೀಖಿನಿಂದ ಬಿಡುವು ಅಂತ. ಕಾರು ಓಡಿಸಲು ಬಂದರೆ ಅದನ್ನು ಮೊದಲ ಮೂರು ಸಾಲಿನೊಳಗೇ ಹಾಕಿ. ಅಲ್ಲಿಗೆ ನೆಲೆಸಲು ಹೋದವರು ಮೊದಲ 12 ತಿಂಗಳು ನಮ್ಮ ಲೈಸೆನ್ಸಿನಲ್ಲೇ ಓಡಿಸಬಹುದು, ಆಮೇಲೆ ಅಲ್ಲಿನದ್ದು ಬೇಕು.

ಮತ್ತೆ ಉಪ್ಪಳದವರೇ, ಭಾಷೆಗಳು ಅನ್ನುವಲ್ಲಿ ನೀವು ಇಂಗ್ಲಿಷ್, ಹಿಂದಿ ಅಂತ ಮಾತ್ರ ಬರೆದಿದ್ದೀರಿ. ಪತ್ರ ಬರೆದದ್ದು ಕನ್ನಡದಲ್ಲಿ. ಫೋನಿನಲ್ಲಿ ನಿಮ್ಮ ಹಿಂದೆ ಅಮ್ಮ ತುಳುವಿನಲ್ಲಿ ಬೈಯುವುದು ಕೇಳಿಸಿತು, ನೀವು ಬಸ್ಸಿನವನ ಹತ್ತಿರ ಮಲಯಾಳ ಮಾತಾಡಿದ್ದೂ ಕೇಳಿಸಿತು. ಮೂರನ್ನೂ ಸೇರಿಸಿ ಇನ್ನೊಮ್ಮೆ ಕಳಿಸಿ.